ಮಾಕ್ ಡ್ರಿಲ್ಲಿನ ಹೆಣ ಓಬಳಯ್ಯ

ಹನ್ನೊಂದು ಗಂಟೆಗೆ ಸೈರನ್ ಕೂಗುತ್ತದೆ, ಯಾರೂ ಗಾಬರಿಯಾಗಬಾರದು ಎಂದು ಮೈಕಿನಲ್ಲಿ ಊರಿಗೆಲ್ಲ ಸಾರಿದವನು ನಾನು. ಕೂಗಿದಾಗ ಮೊದಲು ಓಡಿದವನೂ ನಾನೇ. ಓಡಿದ್ದು ನೇರವಾಗಿ ಅಗ್ನಿಶಾಮಕದವರು ತುಂಬಿಸಿಟ್ಟಿದ್ದ ನೀರಿನ ತೊಟ್ಟಿಗೆ. ಇಬ್ಬರು ಪೇದೆಗಳು ಕಾಲರ್ ಹಿಡಿದು ಮೇಲೆತ್ತಿದರು. ನರ್ಸಮ್ಮ ನಗು ತಡೆಯುತ್ತ ನನ್ನ ಕುತ್ತಿಗೆಗೆ ಹಸಿರು ಚೀಟಿ ಕಟ್ಟಿದರು. ಹಸಿರೆಂದರೆ ನಡೆಯಬಲ್ಲವನು, ಕೆಂಪೆಂದರೆ ಮೊದಲ ಆಂಬುಲೆನ್ಸಿಗೆ ಹೋಗುವವನು, ಕಪ್ಪೆಂದರೆ ಸತ್ತವನು.

ಅದು ಎರಡು ಸಾವಿರದ ಆರು, ಕುಣಿಗಲ್. ಭೂಕಂಪಕ್ಕೆ ಹಳೇ ಗೋದಾಮೊಂದು ಕುಸಿದಿದೆ ಎಂದು ಭಾವಿಸಿಕೊಂಡು ಪೊಲೀಸ್, ಅಗ್ನಿಶಾಮಕ, ಆರೋಗ್ಯ, ಕಂದಾಯದವರೆಲ್ಲ ಸೇರಿ ಮಾಡುತ್ತಿದ್ದ ಮಾಕ್ ಡ್ರಿಲ್. ನಾನು ತಾಲ್ಲೂಕು ಕಚೇರಿಯ ಗುಮಾಸ್ತ. ದಪ್ಪ ದನಿಯೆಂಬ ಒಂದೇ ಅರ್ಹತೆಯಿಂದ ಮೈಕು ನನಗೆ ಸಿಕ್ಕಿತ್ತು.

ಕಪ್ಪು ಚೀಟಿ ಪ್ರತಿ ಸಲವೂ ಓಬಳಯ್ಯನಿಗೇ. ಅಮೃತೂರು ಕಡೆಯವನು, ತೆಂಗಿನ ಮರ ಹತ್ತುವುದು ಕಸುಬು, ಜೊತೆಗೆ ಹೋಂಗಾರ್ಡು. ಗುಬ್ಬಿಯಲ್ಲಿ ಗ್ಯಾಸ್ ಟ್ಯಾಂಕರ್ ಸಿಡಿದು ಸತ್ತಿದ್ದ, ಶಿರಾ ಗೇಟಿನಲ್ಲಿ ಬಸ್ಸು ಮಗುಚಿ ಸತ್ತಿದ್ದ. ಮೂಗಿನ ಮೇಲೆ ನೊಣ ಕೂತರೂ ಅಲುಗದ ಹೆಣ ಜಿಲ್ಲೆಯಲ್ಲಿ ಇನ್ನೊಂದಿರಲಿಲ್ಲ.

"ಗಾಯ ಆದೋರು ನರಳ್ಬೇಕು ಸಾ. ಸತ್ತೋರ್ಗೆ ಆರಾಮು," ಎನ್ನುತ್ತಿದ್ದ.

ಅವತ್ತು ಅವನನ್ನು ಗೋದಾಮಿನ ಮಹಡಿಯಿಂದ ಹಗ್ಗ ಕಟ್ಟಿ ಇಳಿಸಬೇಕಿತ್ತು. ತಲೆ ಕಡೆಯ ಹಗ್ಗ ಪೊಲೀಸರ ಕೈಯಲ್ಲಿ, ಕಾಲ ಕಡೆಯದು ಅಗ್ನಿಶಾಮಕದವರ ಕೈಯಲ್ಲಿ. ಇದಕ್ಕೆ ಸಮನ್ವಯವೆಂದು ಹೆಸರು. ಸೀಟಿ ಊದಿದರೆ ಪೊಲೀಸರಲ್ಲಿ ಬಿಗಿಹಿಡಿ ಎಂದರ್ಥ, ಅಗ್ನಿಶಾಮಕದವರಲ್ಲಿ ಬಿಡು ಎಂದರ್ಥ. ಪೂರ್ವಭಾವಿ ಸಭೆಗಳಲ್ಲಿ ಶಾಮಿಯಾನದ ಬಣ್ಣ ಚರ್ಚೆಯಾಗಿತ್ತು, ಇದು ಆಗಿರಲಿಲ್ಲ.

ಸೀಟಿ ಊದಿದರು. ಅವರು ಎಳೆದರು, ಇವರು ಬಿಟ್ಟರು. ಓಬಳಯ್ಯ ಕುಣಿಕೆಯಿಂದ ಜಾರಿ ಕಲ್ಲಿನ ಮೇಲೆ ಬಿದ್ದ. ತೊಡೆಯ ಮೂಳೆ ಮುರಿದ ಸದ್ದು ನನ್ನ ಮೈಕಿನಲ್ಲೂ ಕೇಳಿಸಿತು. ಅವನು ಕಿರುಚಿದ. ಜನ ಚಪ್ಪಾಳೆ ತಟ್ಟಿದರು. ಬೆಂಗಳೂರಿನಿಂದ ಬಂದಿದ್ದ ವೀಕ್ಷಕರು ಮಾತ್ರ ಮುಖ ಸಿಂಡರಿಸಿದರು.

"ಏನ್ರೀ ಇದು, ಹೆಣ ಕಿರುಚ್ತಾ ಇದೆ! ಮಾರ್ಕ್ಸ್ ಕಟ್."

ಒದ್ದೆ ಪ್ಯಾಂಟಿನಲ್ಲೇ ಡಾಕ್ಟರ ಬಳಿ ಓಡಿದೆ. "ನಿಜವಾಗ್ಲೂ ಮುರಿದಿದೆ ಸಾರ್. ಮರ ಹತ್ತೋ ಕಾಲು ಅದು, ಬೇಗ ಕಳಿಸಿ."

"ಕಪ್ಪು ಚೀಟಿ ಕಣ್ರೀ," ಎಂದರು ಡಾಕ್ಟರು, ತಿರುಗಿಯೂ ನೋಡದೆ. "ಹೆಣ ಪೊಲೀಸ್ನೋರ್ದು."

"ಪಂಚನಾಮೆ ಆಗ್ದೆ ನಾವ್ ಮುಟ್ಟಂಗಿಲ್ಲ," ಎಂದರು ಇನ್ಸ್‌ಪೆಕ್ಟರು. "ನಿಮ್ ತಹಶೀಲ್ದಾರ್ರನ್ನೇ ಕೇಳಿ."

"ಮೊದ್ಲು ಬೆಂಗ್ಳೂರ್ ಸಾಹೇಬ್ರ ಊಟ ಆಗ್ಲಿ," ಎಂದರು ತಹಶೀಲ್ದಾರರು.

ನನ್ನ ಬುದ್ಧಿಗೆ ಹೊಳೆದದ್ದು ಒಂದೇ. ಅವನ ಕಪ್ಪು ಚೀಟಿ ಕಿತ್ತು ನನ್ನ ಹಸಿರು ಚೀಟಿ ಕಟ್ಟಿದೆ. ಡಾಕ್ಟರು ದೂರದಿಂದಲೇ ನೋಡಿದರು. "ಹಸಿರಾ? ಹಂಗಾದ್ರೆ ನಡ್ಕೊಂಡ್ ಬರಕ್ ಹೇಳಿ."

ಕೆಂಪು ಚೀಟಿಯ ಗಟ್ಟಿಮುಟ್ಟಾದ ಹುಡುಗರು ಕೆಂಪು ಇಂಕು ಬಳಿದುಕೊಂಡು, ಸೈರನ್ ಹಾಕಿಸಿಕೊಂಡು ತುಮಕೂರಿಗೆ ಹೋದರು. ಓಬಳಯ್ಯ ಬಿಸಿಲಲ್ಲಿ ಮಲಗಿದ್ದ. ಸಾಹೇಬರ ಊಟ, ಎಲೆಅಡಿಕೆ ಮುಗಿದು, ಅವನ ತೊಡೆ ಕುಂಬಳಕಾಯಿಯಂತೆ ಊದಿದ ಮೇಲೆ ಯಾರೋ ಜೀಪು ತಂದರು.

ಕಾಲು ಉಳಿಯಿತು, ಆದರೆ ಸೊಟ್ಟಗೆ ಕೂಡಿಕೊಂಡು ಗಿಡ್ಡವಾಯಿತು. ಮರ ಹತ್ತುವುದು ಅಲ್ಲಿಗೆ ಮುಗಿಯಿತು. ಕಿತ್ತಳೆ ಹಿಡಿದು ವಾರ್ಡಿಗೆ ಹೋದರೆ ಅವನ ಹೆಂಡತಿ ಕದರಮ್ಮ ಎದ್ದು ನಿಂತಳು.

"ಹುಡುಗನಾಗಿದ್ದಾಗ್ಲಿಂದ ಮರ ಹತ್ತವ್ನೆ, ಒಂದ್ ದಿನಾನೂ ಬಿದ್ದಿರ್ನಿಲ್ಲ ಸೋಮಿ. ಕಾಪಾಡೋರ ಕೈಗ್ ಸಿಕ್ಕಿ ಬಿದ್ದ."

ತಂದ ಕಿತ್ತಳೆಯಲ್ಲಿ ಒಂದನ್ನು ಸುಲಿದು ನಾನೇ ತಿಂದೆ.

ಮರುವರ್ಷ ತುಮಕೂರಿನಲ್ಲಿ ಡ್ರಿಲ್. ಮರವಿಲ್ಲದ ಓಬಳಯ್ಯ ಕರೆದ ಕಡೆ ಬರುತ್ತಿದ್ದ. ಈ ಸಲ ಅವನು ಗಾಯಾಳು, ಹೆಣಕ್ಕೆ ಸಿಕ್ಕ ಬಡ್ತಿ. ಹಸಿರು ಚೀಟಿ ಕಟ್ಟಿಸಿಕೊಂಡು ಶಾಮಿಯಾನದ ಮುಂದೆ ಕುಂಟುತ್ತ ಹೊರಟ. ಅದೇ ವೀಕ್ಷಕರು ಕುರ್ಚಿಯಿಂದ ಮುಂದೆ ಬಾಗಿದರು.

"ಅಬ್ಬಾ, ಎಷ್ಟು ನ್ಯಾಚುರಲ್ಲಾಗ್ ಕುಂಟ್ತಾನ್ರೀ! ಏನಪ್ಪಾ, ಟ್ರೈನಿಂಗ್ ಎಲ್ಲಿ ತಗೊಂಡೆ?"

ಓಬಳಯ್ಯ ನಿಂತು ಸೆಲ್ಯೂಟ್ ಹೊಡೆದ.

"ಕುಣಿಗಲ್ನಾಗೆ ಸಾ. ತಾವೂ ಇದ್ರಿ."