ಬೇಡಕಿಹಾಳದ ನಲವತ್ಮೂರು ಪರದೇಶಿಗಳು

ಶ್ರೀಪಾಲ ಮಗದುಮ್ ಪೊಲೀಸ್ ಖಾತೆಗೆ ಸೇರಿದ್ದೇ ಖಾಕಿಯ ಆಸೆಗೆ. ಕಡಕ್ ಇಸ್ತ್ರಿ, ಹೊಳೆಯುವ ಬಕಲು, ಚಿಕ್ಕೋಡಿ ಬಸ್‌ಸ್ಟ್ಯಾಂಡಿನಲ್ಲಿ ಇಳಿದರೆ ನಾಲ್ಕು ಮಂದಿ ಸರಿದು ದಾರಿ ಬಿಡಬೇಕು. ಇಷ್ಟೇ ಅವನ ಕನಸು. ಖಾತೆ ಅವನನ್ನು ಎರಡು ವರ್ಷ ಖಾಕಿಯಲ್ಲಿ ಇಟ್ಟುಕೊಂಡು, ಅವನ ಮುಖದಲ್ಲಿ ನೆನಪಿಡುವಂಥದ್ದು ಏನೂ ಇಲ್ಲವೆಂದು ಕಂಡುಕೊಂಡು, ಗುಪ್ತ ಸುದ್ದಿಯ ಶಾಖೆಗೆ ಹಾಕಿತು.

"ನಿನ್ನ ಒಮ್ಮೆ ನೋಡಿದಾವ್ರು ಎರಡನೇ ಸಲ ಗುರ್ತ ಹಿಡಿಯಂಗಿಲ್ಲ. ಇದು ದೇವರು ಕೊಟ್ಟ ಗುಣಾ ಐತಿ" ಎಂದರು ಇನ್‌ಸ್ಪೆಕ್ಟರ್ ವಿರುಪಾಕ್ಷಪ್ಪ.

ಖಾಕಿ ಟ್ರಂಕು ಸೇರಿತು. ತಾನು ಯಾರೆಂದು ಹೇಳಿಕೊಳ್ಳುವ ಹಾಗಿಲ್ಲ. ಉಗಾರ ಖುರ್ದದ ಬೀಗರು ಅವನನ್ನು ಸಕ್ಕರೆ ಕಾರ್ಖಾನೆಯ ತೂಕದ ಕಾರಕೂನನೆಂದೇ ತಿಳಿದು, ಊಟಕ್ಕೆ ಕೂತಾಗೆಲ್ಲ "ಈ ವರ್ಷ ಕಬ್ಬಿನ ರೇಟ್ ಏನ ಆದೀತ್ರಿ ಅಳಿಯಂದ್ರ?" ಎಂದು ಕೇಳುತ್ತಿದ್ದರು. ಶ್ರೀಪಾಲ ಹಲ್ಲು ಕಚ್ಚಿಕೊಂಡು ಒಂದು ರೇಟು ಹೇಳುತ್ತಿದ್ದ.

ಆಗ ಸಾವಿರದ ಒಂಬೈನೂರ ಎಂಬತ್ಮೂರು. ಅಮೆರಿಕಾ, ರಷ್ಯಾ ಒಬ್ಬರ ಮುಖ ಒಬ್ಬರು ನೋಡದ ಕಾಲ. ಅವರು ಇವರ ರಾಯಭಾರ ಕಚೇರಿಯವರನ್ನು ಗೂಢಚಾರರೆಂದು ಓಡಿಸುವುದು, ಇವರು ಅವರನ್ನು ಓಡಿಸುವುದು ನಡೆದೇ ಇತ್ತು. ಅದರ ಗಾಳಿ ನಮ್ಮ ಕಡೆಗೂ ಬೀಸಿ, ಮೇಲಿನ ಕಚೇರಿಯಿಂದ ಒಂದು ಸುತ್ತೋಲೆ ಇಳಿಯಿತು: "ತಮ್ಮ ವ್ಯಾಪ್ತಿಯಲ್ಲಿ ವಾಸವಿರುವ ಪರದೇಶಿ ವ್ಯಕ್ತಿಗಳ ಪಟ್ಟಿಯನ್ನು ಗುಪ್ತವಾಗಿ ಸಂಗ್ರಹಿಸತಕ್ಕದ್ದು. ಬಣ: ಪೂರ್ವ ಅಥವಾ ಪಶ್ಚಿಮ ಎಂದು ನಮೂದಿಸತಕ್ಕದ್ದು."

ಬರೆದ ಪುಣ್ಯಾತ್ಮನ ಮನಸ್ಸಿನಲ್ಲಿ ಇದ್ದದ್ದು ವಿದೇಶಿಯರು. ಆದರೆ ನಮ್ಮ ಕಡೆ ವಿದೇಶದವನಿಗೆ "ಫಾರೇನದಾವ" ಅನ್ನುತ್ತಾರೆ. ಪರದೇಶಿ ಅಂದರೆ ಹಿಂದಿಲ್ಲ ಮುಂದಿಲ್ಲ, ಕೇಳುವವರು ಯಾರೂ ಇಲ್ಲದ ಅನಾಥ.

ಎಲ್ಲ ಹಳ್ಳಿ ಸುತ್ತಲು ಶ್ರೀಪಾಲನಿಗೆ ಇದ್ದದ್ದು ಎರಡೇ ಕಾಲು. ಫಾರ್ಮುಗಳನ್ನು ಊರೂರಿನ ಲೆಕ್ಕಪತ್ರ ನೋಡುವ ತಲಾಠಿಗಳ ಕೈಗೆ ಕೊಟ್ಟ. ಎಲ್ಲರೂ "ನಿರಂಕ", ಅಂದರೆ ಯಾರೂ ಇಲ್ಲ, ಎಂದು ಬರೆದು ಕಳಿಸಿ ಕೈತೊಳೆದುಕೊಂಡರು. ಬೇಡಕಿಹಾಳದ ತಲಾಠಿ ಅಣ್ಣಾಸಾಬ ಮಾತ್ರ ಕರ್ತವ್ಯನಿಷ್ಠ. ಊರಲ್ಲಿ ಡಂಗುರ ಸಾರಿಸಿದ: "ಪರದೇಶಿ ಇದ್ದಾವ್ರೆಲ್ಲಾ ಚಾವಡಿಗೆ ಬಂದು ಹೆಸರ ಬರಸ್ರೆಪ್ಪೋ!"

ಅನಾಥರಿಗೆ ಸರಕಾರದಿಂದ ತಿಂಗಳಾ ಪಗಾರ ಬರುತ್ತದೆಂದು ತಿಳಿದು ಊರಿನ ಮುದುಕ ಮುದುಕಿಯರೆಲ್ಲ ಬಂದರು. ಬಣದ ಖಾನೆ ಬಂದಾಗ ಅಣ್ಣಾಸಾಬ ಒಂದು ಗಳಿಗೆ ತಲೆ ಕೆರೆದುಕೊಂಡು, ಮೂಡಲ ಓಣಿಯವರಿಗೆ ಪೂರ್ವ, ಪಡುವಲ ಓಣಿಯವರಿಗೆ ಪಶ್ಚಿಮ ಎಂದು ಬರೆದ. ಮೇಲಿನ ಕಚೇರಿಯವರು ಹೆಸರು ಓದಲಿಲ್ಲ, ಮೊತ್ತ ಓದಿದರು. ಬೇಡಕಿಹಾಳ: ಪೂರ್ವ ಬಣ ಇಪ್ಪತ್ತಾರು, ಪಶ್ಚಿಮ ಬಣ ಹದಿನೇಳು. ಒಟ್ಟು ನಲವತ್ಮೂರು.

ಇವರೆಲ್ಲ ಊರಿನ ಅನಾಥರೆಂಬ ಗುಟ್ಟು ಶ್ರೀಪಾಲನಿಂದ ತಿಳಿದಾಗ ವಿರುಪಾಕ್ಷಪ್ಪನವರು ಎರಡೂ ಕೈಯಿಂದ ತಲೆ ಹಿಡಿದುಕೊಂಡರು.

"ತಪ್ಪಾಗೇತಿ ಅಂತ ಬರದ್ರ ಹೆಂಗ್ರಿ ಸಾಹೇಬ್ರ?"

"ಹುಚ್ಚ ಅದಿಯೇನಲೇ? ನಲವತ್ಮೂರರ ಆಕಡಾ ಮ್ಯಾಲ ಹೋಗಿ ಮುಟ್ಟೈತಿ. ಈಗ ತಪ್ಪಾತು ಅಂದ್ರ ನಿನ್ನ ಕೂಡ ನಾನೂ ಹೊಕ್ಕೇನಿ. ವರ್ಷಕ್ಕ ನಾಕೈದ ಹೆಸರ ಇಳಸು. ಎಲ್ಲಾ ಸೊನ್ನಿ ಆದ ದಿನಾ ನಿಂಗ ಖಾಕಿ."

ಹೆಸರು ಇಳಿಸಲು ಫಾರ್ಮಿನಲ್ಲಿ ಎರಡೇ ದಾರಿ ಇದ್ದವು: "ಮೃತ" ಇಲ್ಲವೆ "ಸ್ವದೇಶಕ್ಕೆ ಮರಳಿದ್ದಾರೆ". ಒಬ್ಬ ಮುದುಕಿ ಇಚಲಕರಂಜಿಯ ತಂಗಿಯ ಮಗಳ ಮನೆಗೆ ಹೋದಾಗ ಶ್ರೀಪಾಲ ಖುಷಿಯಿಂದ ಎರಡನೆಯದನ್ನು ಬರೆದ. "ಯಾವ ವಿಮಾನ ನಿಲ್ದಾಣದಿಂದ?" ಎಂದು ಮೇಲಿನಿಂದ ಪ್ರಶ್ನೆ ಬಂತು. ಉತ್ತರ ಹೊಸೆಯಲು ಅವನಿಗೆ ಮೂರು ದಿನ ಹಿಡಿಯಿತು. ಸಾಲದ್ದಕ್ಕೆ, ಪಟ್ಟಿಯಲ್ಲಿದ್ದ ಒಬ್ಬೊಬ್ಬರ ಮೇಲೂ ತಿಂಗಳಿಗೊಂದು ವರದಿ ಬರೆಯಬೇಕಿತ್ತು. ಅವನ್ನು ಶ್ರೀಪಾಲ ಮನೆಯಲ್ಲಿ ಕೂತೇ ಬರೆಯುತ್ತಾನೆಂಬ ಸಂಶಯದಿಂದ ಸಾಹೇಬರು ಪ್ರತಿ ವರದಿಯ ಕೆಳಗೆ ಆಯಾ ವ್ಯಕ್ತಿಯ ಹೆಬ್ಬೆಟ್ಟು ಕೇಳಿದರು. ಗುಪ್ತವಾಗಿ ಕಾಯಬೇಕಾದವರ ಹೆಬ್ಬೆಟ್ಟು! ಜಗತ್ತಿನ ಯಾವ ಗೂಢಚಾರನಿಗೂ ಬಂದಿರಲಿಕ್ಕಿಲ್ಲ ಈ ಗತಿ.

ಅದರಲ್ಲೂ ಇಬ್ಬರು ಮುದುಕಿಯರು ಅವನ ಜೀವ ತಿಂದರು. ಪಡುವಲ ಓಣಿಯ ಅಕ್ಕವ್ವ, ಮೂಡಲ ಓಣಿಯ ಸೋನಾಬಾಯಿ. ಅಣ್ಣತಮ್ಮಂದಿರ ಹೆಂಡಂದಿರು, ಇಬ್ಬರೂ ವಿಧವೆಯರು, ಇಬ್ಬರಿಗೂ ಮಕ್ಕಳಿಲ್ಲ. ಮನೆ ಹಿಸೆಯಾದಾಗ ಬೀಸುಕಲ್ಲಿನ ಮೇಲಿನ ಹೋಳನ್ನು ಒಬ್ಬಳು, ಕೆಳಗಿನ ಹೋಳನ್ನು ಇನ್ನೊಬ್ಬಳು ಒಯ್ದು, ಇಬ್ಬರಿಗೂ ಹಿಟ್ಟಿಲ್ಲದೆ, ಅಂದಿನಿಂದ ಇಪ್ಪತ್ತು ವರ್ಷ ಮಾತಿಲ್ಲ. ಶ್ರೀಪಾಲ ಒಬ್ಬಳ ಸುದ್ದಿ ಹೇಳದೆ ಇನ್ನೊಬ್ಬಳು ಹೆಬ್ಬೆಟ್ಟು ಕೊಡುತ್ತಿರಲಿಲ್ಲ.

"ಮೊದಲ ಹೇಳು, ಆ ಬೇತಾಳ ಏನ ಮಾಡಾಕತ್ತೈತಿ?" ಎಂದು ಅಕ್ಕವ್ವ.

"ಕೆಮ್ಮಾಕತ್ತಾಳ, ಆಯಿ."

"ಕೆಮ್ಮಲಿ. ಔಷಧಾ ತಗೊಂಡಾಳೇನ?"

ಅಲ್ಲಿಂದ ಮೂಡಲ ಓಣಿಗೆ ಹೋದರೆ ಸೋನಾಬಾಯಿ: "ಆ ಕರಿನಾಲಿಗಿ ಇನ್ನಾ ಬದುಕೈತೇನೋ?"

"ಅದಾಳ. ಮೊಣಕಾಲ ಹಿಡದಾವಂತ."

"ಹಿಡೀಲಿ, ಹಂಗ ಆಗಬೇಕು ಆಕೀಗಿ. ಎಣ್ಣಿ ಹಚ್ಚಾಕರೆ ಯಾರದಾರ?"

ವರದಿಗೆ ಸಂಬಂಧವಿಲ್ಲದ ಮಾತನ್ನು ಎಲ್ಲಿಯೂ ಆಡಬಾರದೆಂದು ಶಾಖೆಯ ನಿಯಮ. ಶ್ರೀಪಾಲ ಕೆಮ್ಮು ನೋವುಗಳನ್ನಷ್ಟೇ ಸಾಗಿಸಿ, ಔಷಧ ಎಣ್ಣೆಗಳ ಪ್ರಶ್ನೆಯನ್ನು ಹೊಟ್ಟೆಯಲ್ಲಿ ಇಟ್ಟುಕೊಂಡ. ಹೀಗೆ ಒಂಬತ್ತು ವರ್ಷ.

ತೊಂಬತ್ತೆರಡರಲ್ಲಿ ಭಾಗ್ಯ ತೆರೆಯಿತು. ರಷ್ಯಾದ ಒಕ್ಕೂಟವೇ ಚೂರಾಗಿತ್ತು. ಮೇಲಿನಿಂದ ಕಾಗದ ಬಂತು: "ಪೂರ್ವ ಬಣವು ಅಸ್ತಿತ್ವದಲ್ಲಿ ಇಲ್ಲದ ಕಾರಣ ಸದರಿ ಬಣದವರ ಕಡತಗಳನ್ನು ಮುಕ್ತಾಯಗೊಳಿಸತಕ್ಕದ್ದು." ಉಳಿದಿದ್ದ ಮೂಡಲ ಓಣಿಯ ಮೂವರು, ಸೋನಾಬಾಯಿಯೂ ಸೇರಿ, ಒಂದೇ ಗೀಟಿಗೆ ಹೋದರು.

"ಪಶ್ಚಿಮದ್ದೊಂದು ಉಳೀತಲ್ಲೋ, ಆ ಅಕ್ಕವ್ವಂದು" ಎಂದರು ವಿರುಪಾಕ್ಷಪ್ಪ. "ರಾಯಬಾಗ ಠಾಣೇದಾಗ ಹವಾಲ್ದಾರನ ಜಾಗಾ ಖಾಲಿ ಐತಿ. ಸೋಮವಾರದೊಳಗ ಸೊನ್ನಿ ಮಾಡ್ಕೊಂಡ ಬಾ. ಇಲ್ಲಂದ್ರ ಬ್ಯಾರೇದಾವ ಕೂಡ್ತಾನ."

ಶನಿವಾರ ಮಧ್ಯಾಹ್ನ ಶ್ರೀಪಾಲ ಶಾಯಿಯ ಡಬ್ಬಿ ಹಿಡಿದು ಅಕ್ಕವ್ವನ ಮುಂದೆ ಕೂತ.

"ಆಯಿ, ಕಡೀ ಹೆಬ್ಬೆಟ್ಟು. ನೀ ನಿನ್ನ ದೇಶಕ್ಕ ಹೋದಿ ಅಂತ ಬರೀತೇನಿ."

"ಯಾವ ದೇಶಕ್ಕೋ? ಸೋನಿನೂ ಹೊಂಟಾಳೇನ?"

"ಆಕಿ ಹೆಸರ ಮೊನ್ನೇನ ಹೊಡದಾರ."

ಮುದುಕಿಯ ಮುಖ ಅರಳಿತು. "ನಂದು ಮಾತ್ರ ಐತಿ? ಸರಕಾರಕ್ಕೂ ಗೊತ್ತಾತು ನೋಡು, ಖರೇ ಪರದೇಶಿ ಯಾರಂತ. ಹೆಬ್ಬೆಟ್ಟ ಕೊಡಂಗಿಲ್ಲ ಹೋಗು."

"ಆಯಿ, ನಿನ್ನ ಕಾಲ ಬೀಳ್ತೇನಿ, ನನ್ನ ಖಾಕಿ..."

"ಖಾಕಿ ಹಾಕ್ಕೊಂಡ ಮ್ಯಾಲ ನೀ ಇಲ್ಲಿಗಿ ಬರ್ತಿಯೇನ? ಆಕಿ ಸುದ್ದಿ ನಂಗ್ಯಾರ ಹೇಳ್ತಾರ?"

ಒಂಬತ್ತು ವರ್ಷದ ಸಿಟ್ಟು ಶ್ರೀಪಾಲನ ನೆತ್ತಿಗೇರಿತು. "ಆಕೀನ್ನ ಹೋಗಿ ಕೇಳಬೇ! ನೀ ಆಕೀನ ಕೇಳ್ತಿ, ಆಕಿ ನಿನ್ನ ಕೇಳ್ತಾಳ, ನಡುವ ನಾ ಟಪಾಲ ಚೀಲ ಆಗೇನಿ! ನಿನ್ನ ಮೊಣಕಾಲಿಗೆ ಎಣ್ಣಿ ಹಚ್ಚಾವ್ರು ಯಾರದಾರಂತ ತಿಂಗಳಾ ತಿಂಗಳಾ ತಲೀ ತಿಂತಾಳ ಆಕಿ!"

ಅಕ್ಕವ್ವ ಕಿವಿಯ ಮೇಲಿನ ಸೆರಗು ಸರಿಸಿದಳು.

"ಎಣ್ಣಿ? ಸೋನಿ ಕೇಳಿದ್ಲ?"

"ಒಂಬತ್ತ ವರ್ಷದಿಂದ!"

"ಅದನ್ನ ಈಗ ಹೇಳ್ತಿಯೇನೋ ಭಾಡ್ಯಾ!" ಮುದುಕಿ ಬಡಿಗೆ ಊರಿ ಎದ್ದಳು. ಹೊಸಲು ದಾಟಿದಳು, ಹಣಮಪ್ಪನ ಗುಡಿ ದಾಟಿದಳು. ಫಾರ್ಮು, ಡಬ್ಬಿ ಎತ್ತಿಕೊಂಡು ಶ್ರೀಪಾಲ ಹಿಂದೆ ಓಡಿದ. ಮೂಡಲ ಓಣಿಯಲ್ಲಿ ಕಟ್ಟೆಯ ಮೇಲೆ ಕೂತಿದ್ದ ಸೋನಾಬಾಯಿ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದಳು.

"ಮಂದೀನ ಕೇಳ್ತಿಯಲ್ಲಾ, ಎರಡ ಹೆಜ್ಜಿ ಬರಾಕ ನಿನ್ನ ಕಾಲ ಮುರದಿದ್ದೂವೇನ?" ಎಂದು ಅಕ್ಕವ್ವ ಒದರಿದಳು.

"ನಿನ್ನೂವು ಮುರದಿದ್ದೂವೇನ?"

"ನನ್ನೂವು ಖರೇನ ಮುರದಾವ, ನೋಡು ಬೇಕಾರ!" ಎಂದು ಅಕ್ಕವ್ವ ಸೀರೆ ತುಸು ಸರಿಸಿ, ಬಾತ ಮೊಣಕಾಲು ತೋರಿಸುತ್ತ ಅದೇ ಕಟ್ಟೆಯ ಮೇಲೆ ಧಪ್ಪನೆ ಕೂತಳು.

ಮೂವತ್ತು ವರ್ಷದ ಬಾಕಿ ಮಾತು ಎರಡೂ ಕಡೆಯಿಂದ ಉಕ್ಕಿತು. ಬಿಡಿಸಲು ಹೋದ ಶ್ರೀಪಾಲನಿಗೆ ಇಬ್ಬರಿಂದಲೂ ಬೈಗುಳ ಬಿತ್ತು. ಸೋತು ನೆಲದ ಮೇಲೆ ಕೂತವನ ಕಣ್ಣು ಫಾರ್ಮಿನ ಒಂದು ಖಾನೆಗೆ ಬಿತ್ತು: "ಹಾಲಿ ಇರುವ ಸ್ಥಳ". ಅವನು ತಲೆ ಎತ್ತಿ ಓಣಿ ನೋಡಿದ. ಅಕ್ಕವ್ವನನ್ನು ನೋಡಿದ. "ಮೂಡಲ ಓಣಿ" ಎಂದು ಬರೆದ. ಬಣ: ಪೂರ್ವ, ಅಂದರೆ ಕಡತ ಮುಕ್ತಾಯಗೊಳಿಸತಕ್ಕದ್ದು. ಒಂದು ಅಕ್ಷರವೂ ಸುಳ್ಳಲ್ಲ.

ಮೆಲ್ಲಗೆ ಡಬ್ಬಿ ಮುಂದೆ ಹಿಡಿದ. ಜಗಳದ ಭರದಲ್ಲಿ ಅಕ್ಕವ್ವ ಬಳೆಗಾರನಿಗೆ ಕೈ ಕೊಟ್ಟಂತೆ ಈ ಕಡೆ ನೋಡದೆಯೇ ಕೈ ಚಾಚಿದಳು. ಅವನು ಹೆಬ್ಬೆಟ್ಟು ಒತ್ತಿಸಿಕೊಂಡ. ಅವಳು ಶಾಯಿಯ ಬೆರಳನ್ನು ಸೋನಾಬಾಯಿಯ ಸೆರಗಿಗೆ ಒರೆಸಿದಳು.

"ನನ್ನ ಹೊಸಾ ಸೀರಿಗೆ ಒರಸ್ತಿಯೇನಬೇ?"

ಶ್ರೀಪಾಲ ಫಾರ್ಮನ್ನು ಅಂಗಿಯೊಳಗೆ ಸೇರಿಸಿ ಚಿಕ್ಕೋಡಿಯ ಬಸ್ಸಿಗೆ ಓಡಿದ. ಕಂಡಕ್ಟರ್ ಸೀಟಿ ಊದುವವರೆಗೂ ಆ ಇಬ್ಬರ ದನಿ ಕೇಳುತ್ತಲೇ ಇತ್ತು.