ಚಪ್ಪರದ ಕೆಳಗೆ ಚಂದ್ರಿಕೆ

ಶಿಡ್ಲಘಟ್ಟದ ಬಸ್ ನಿಲ್ದಾಣದ ಹಿಂದಿದ್ದ ಅಮಾನುಲ್ಲಾ ಅವರ ಅಂಗಡಿ ಈಗಿಲ್ಲ. ಅಂಗಡಿಗಳ ಬೋರ್ಡು ಬರೆಯುತ್ತಿದ್ದ ಅವರು ವಿಡಿಯೊ ಕ್ಯಾಮೆರಾ ಕೊಂಡದ್ದು ಎಂಬತ್ತೊಂಬತ್ತರಲ್ಲಿ. ಅನ್ನ ಕೊಟ್ಟದ್ದು ಮದುವೆಗಳು. ಆಸೆ ಇದ್ದದ್ದು ಬೇರೆ ಕಡೆ. ಕ್ಯಾಸೆಟ್ಟಿನಲ್ಲಿ ಟೇಪು ಉಳಿದರೆ ಹಿಪ್ಪುನೇರಳೆ ಸೊಪ್ಪು ಹೊತ್ತು ಬರುವವರನ್ನು, ರೇಷ್ಮೆಗೂಡಿನ ಮಾರುಕಟ್ಟೆಯಲ್ಲಿ ಟೀ ಕುಡಿಯುತ್ತ ಕೂತವರನ್ನು ಸುಮ್ಮನೆ ನಿಂತು ತೆಗೆಯುತ್ತಿದ್ದರು. ಹೀಗೆ ನಿಲ್ಲಿ, ಇತ್ತ ನೋಡಿ ಎಂದು ಯಾರಿಗೂ ಹೇಳುತ್ತಿರಲಿಲ್ಲ. ಇದನ್ನು ಯಾರು ನೋಡುತ್ತಾರೆ ಎಂದು ಜನ ನಗುತ್ತಿದ್ದರು. ಅವರೂ ನಗುತ್ತಿದ್ದರು.

ಎರಡು ವರ್ಷದ ಮೇಲೆ ದಿಬ್ಬೂರಹಳ್ಳಿಯ ಬಯ್ಯಪ್ಪನವರ ಮಗಳು ಅನಸೂಯಳ ಮದುವೆಗೆ ಹೋದರು. ಧಾರೆ ಮುಗಿದು ಎಲೆ ಹಾಕುವ ಹೊತ್ತಿಗೆ ಮದುಮಗಳ ತಾಯಿ ಅಕ್ಕಯ್ಯಮ್ಮ ಒಳಗಿಂದ ಓಡಿಬಂದರು. ಮರುದಿನ ಹಣ್ಣಾಗಿ ಗೂಡು ಕಟ್ಟಲು ಅಣಿಯಾಗಬೇಕಿದ್ದ ರೇಷ್ಮೆಹುಳುಗಳು ಅವತ್ತೇ ಹಣ್ಣಾಗಿದ್ದವು. ಕೂಡಲೇ ಆಯ್ದು ಚಂದ್ರಿಕೆಗೆ, ಅಂದರೆ ಗೂಡು ಕಟ್ಟುವ ಬಿದಿರಿನ ತಟ್ಟಿಗೆ, ಬಿಡದಿದ್ದರೆ ಬೆಳೆ ಹೋದಂತೆಯೇ.

ಊಟ ನಿಂತಿತು. ಕುರ್ಚಿಗಳನ್ನು ಸರಿಸಿ ಮದುವೆ ಚಪ್ಪರದ ನೆರಳಿಗೇ ಚಂದ್ರಿಕೆ ಒರಗಿಸಿದರು. ವಾಸನೆ ಹುಳುವಿಗೆ ಆಗದೆಂದು ಅನಸೂಯ ಮುಡಿದ ಮಲ್ಲಿಗೆ ತೆಗೆದಿಟ್ಟು, ಅರಿಶಿನದ ಕೈ ತೊಳೆದು ಹುಳು ಆಯಲು ಕೂತಳು. ಅಮಾನುಲ್ಲಾ ಕ್ಯಾಮೆರಾದ ದೀಪ ಆರಿಸಿ, ಉಳಿದ ಟೇಪನ್ನೆಲ್ಲ ಆ ಕೈಗಳಿಗೇ ಸುರಿದರು.

ಮರುದಿನವೇ ಬಯ್ಯಪ್ಪ ಅಂಗಡಿಗೆ ಬಂದರು.

"ಸಾಬ್ರೆ, ಮದುಮಗಳು ಹುಳ ಆಯೋದನ್ನ ಬೀಗ್ರ ಊರೋರೆಲ್ಲ ಕ್ಯಾಸೆಟ್‌ನಾಗೆ ನೋಡಿದ್ರೆ ನನ್ನ ಮಾನ ಏನಾಗ್ಬೇಕು? ಅದರ ಮೇಲೆ ಇನ್ನೇನಾದ್ರೂ ತುಂಬ್ಬಿಡಿ."

ಹಾಗೆ ತುಂಬಿದರೆ ಮೊದಲಿನದು ಮತ್ತೆ ಸಿಗುವುದಿಲ್ಲ. ಇದ್ದದ್ದು ಅದೊಂದೇ ಕ್ಯಾಸೆಟ್ಟು. ಅಮಾನುಲ್ಲಾ ಆಗಲಿ ಎಂದರು, ಆದರೆ ಇವತ್ತು ನಾಳೆ ಎಂದು ಮುಂದೂಡುತ್ತ ಬಂದರು. ಕೊನೆಗೊಂದು ದಿನ ತಮ್ಮ ಕಣ್ಣೆದುರೇ ಅಳಿಸಬೇಕೆಂದು ಬಯ್ಯಪ್ಪ ಬಂದು ಕೂತರು. ಅಷ್ಟರಲ್ಲಿ ಮಂಡಿಕಲ್ಲಿನಿಂದ ಗೂಡು ಮಾರಲು ಬಂದಿದ್ದ ಬೀಗಿತಿ, ಅನಸೂಯಳ ಅತ್ತೆ ಅಮ್ಮಾಜಮ್ಮ ಮದುವೆ ನೋಡಬೇಕೆಂದು ಅಂಗಡಿಯ ಮೆಟ್ಟಿಲು ಹತ್ತಿದರು.

ಟೀವಿಯಲ್ಲಿ ಧಾರೆ ಮುಗಿಯಿತು. ಬಯ್ಯಪ್ಪನ ಮುಖ ನೋಡಿ ಅಮಾನುಲ್ಲಾ ಅಲ್ಲಿಗೇ ನಿಲ್ಲಿಸಿದರು.

"ಅಷ್ಟೇನಾ? ಹುಳ ಆಯ್ದಿದ್ದೆಲ್ಲಪ್ಪ?" ಎಂದರು ಅಮ್ಮಾಜಮ್ಮ.

ಮಾನ ಹೋಗುತ್ತದೆ, ಅದು ಬೇಡವೆಂದು ಬೀಗರೇ ಹೇಳಿದ್ದಾರೆ ಎಂದು ಅಮಾನುಲ್ಲಾ ಮೆಲ್ಲಗೆ ತಿಳಿಸಿದರು. ಅಮ್ಮಾಜಮ್ಮ ಬಯ್ಯಪ್ಪನ ಕಡೆ ತಿರುಗಿದರು.

"ಹಾರ ಎಲ್ರ ಮದುವೇಲೂ ಹಾಕ್ತಾರೆ, ಬೀಗ್ರೇ. ಅವತ್ತು ಹುಳ ಬಿಟ್ಟು ಉಣ್ಣಕ್ಕೆ ಕೂತಿದ್ರೆ ನಾನು ಸೊಸೇನ ಕರ್ಕೊಂಡೇ ಹೋಗ್ತಿರಲಿಲ್ಲ."

ಬಯ್ಯಪ್ಪ ತಲೆ ತಗ್ಗಿಸಿ, ಹಾಕಿ ಎಂಬಂತೆ ಕೈ ಆಡಿಸಿದರು. ಪರದೆಯ ಮೇಲೆ ಅನಸೂಯಳ ಬಳೆಗೈ ಬಂತು. ಪಕ್ಕದಲ್ಲಿ ರೇಷ್ಮೆ ಸೀರೆಯ ಸೆರಗು ಸಿಕ್ಕಿಸಿ ಕೂತ ಅಮ್ಮಾಜಮ್ಮನೇ. ಹಿಂದೆ ಪೇಟ ಸುತ್ತಿದ ತಲೆಯ ಮೇಲೆ ಚಂದ್ರಿಕೆ ಹೊತ್ತು ಬಯ್ಯಪ್ಪ ನಡೆದು ಬರುತ್ತಿದ್ದರು.

"ನೋಡಿ, ಮಾನ ಹೊತ್ಕೊಂಡು ಬರ್ತಾವ್ರೆ" ಎಂದು ಅಮ್ಮಾಜಮ್ಮ ನಕ್ಕರು. ಬಯ್ಯಪ್ಪನಿಗೂ ನಗು ತಡೆಯಲಾಗಲಿಲ್ಲ.

ಇನ್ನೊಂದು ಸಲ ಹಾಕಪ್ಪ ಎಂದರು ಆಕೆ. ಸುಮ್ಮನೆ ನಿಂತು ತೆಗೆದದ್ದನ್ನು ಇನ್ನೊಂದು ಸಲ ತೋರಿಸು ಎಂದು ಅಮಾನುಲ್ಲಾ ಅವರನ್ನು ಯಾರಾದರೂ ಕೇಳಿದ್ದು ಅದೇ ಮೊದಲು.