ಜಾತಿ ಕೇಳದ ಅಂಕಲ್

ಅಮೆರಿಕದ ಸೆರಿಟೋಸಿನ ನಮ್ಮ ಬೀದಿಯಲ್ಲಿ ಒಬ್ಬ ಕನ್ನಡದ ಅಂಕಲ್ ಇದ್ದಾರೆ. ಅವರಿಗೊಂದು ಬಾಡಿಗೆ ಮನೆಯೂ ಇದೆ. ಬಾಡಿಗೆಗೆ ಬಂದವರ ಜಾತಿ ಕೇಳುವವನಲ್ಲ ತಾನು ಎಂದು ಅವರೇ ಎಲ್ಲರಿಗೂ ಹೇಳಿಕೊಂಡು ತಿರುಗುತ್ತಾರೆ. ನಿಜ, ಕೇಳುವುದಿಲ್ಲ. ‘ಮನೆದೇವರು ಯಾವ್ದು?’ ಎನ್ನುತ್ತಾರೆ. ‘ಮದುವೆ ಯಾವ ಛತ್ರದಲ್ಲಾಯ್ತು?’ ಎನ್ನುತ್ತಾರೆ. ‘ಮನೇಲಿ ಈರುಳ್ಳಿ ಬೆಳ್ಳುಳ್ಳಿ ನಡೆಯುತ್ತಾ?’ ಎಂದು, ಬಂದವರಿಗೆ ತಾವೇ ಅಡುಗೆ ಮಾಡಿ ಹಾಕುವವರಂತೆ ವಿಚಾರಿಸುತ್ತಾರೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಕಾಫಿ ಮುಗಿಯುವಷ್ಟರಲ್ಲಿ ಮುತ್ತಾತನವರೆಗೂ ಪತ್ತೆಯಾಗಿರುತ್ತದೆ. ನಮಗೆಲ್ಲ ಅಭ್ಯಾಸವಾಗಿ, ಕೇಳುವ ಮೊದಲೇ ಹೇಳಿಬಿಡುತ್ತೇವೆ.

ಕೋವಿಡ್ ಗಲಾಟೆ ತಣ್ಣಗಾದ ಮೇಲೆ ಒಂದು ಬೇಸಿಗೆಯಲ್ಲಿ ಆ ಮನೆ ಖಾಲಿಯಾಯಿತು. ನನ್ನ ಜೊತೆ ಲ್ಯಾಬಿನಲ್ಲಿ ಕೆಲಸ ಮಾಡುವ ರುವಾಂಡದ ಗೆಳತಿಗೆ ಅದು ಬೇಕೇ ಬೇಕಿತ್ತು. ಈ ಊರಿನಲ್ಲಿ ವಿಳಾಸವಿದ್ದರೆ ಮಾತ್ರ ಮಗಳಿಗೆ ಇಲ್ಲಿನ ಒಳ್ಳೆಯ ಸ್ಕೂಲು. ತಾಯಿ ಮಗಳಿಬ್ಬರನ್ನೂ ನಾನೇ ಕರೆದುಕೊಂಡು ಹೋದೆ. ಇವಳಿಗೆ ಮನೆದೇವರ ಕಾಟವಿಲ್ಲವಲ್ಲ ಎಂದು ನಿಶ್ಚಿಂತೆಯಾಗಿದ್ದೆ.

ಅಂಕಲ್ ರುವಾಂಡದ ಬಗ್ಗೆ ವಿಡಿಯೋ ನೋಡಿ ತಯಾರಾಗಿ ಕೂತಿದ್ದರು. ‘ನಿಮ್ಮ ದೇಶದಲ್ಲಿ ಹುಟುಗಳು ಟುಟ್ಸಿಗಳನ್ನು ಲಕ್ಷಗಟ್ಟಲೆ ಕೊಂದರಂತೆ, ಪಾಪ’ ಎಂದು ಇಂಗ್ಲಿಷಿನಲ್ಲಿ ಮರುಗಿದರು. ಮರುಗಿದ ಬಾಯಲ್ಲೇ ‘ನೀವು ಯಾವ ಕಡೆಯವರು?’ ಎಂದರು. ಅವಳು ಕಾಫಿ ಲೋಟ ಕೈಗೆತ್ತಿಕೊಂಡಳು. ಅಂಕಲ್ ಬಿಡುವ ಆಸಾಮಿಯೇ? ‘ಮಗಳ ಎತ್ತರ, ಆ ಚೂಪು ಮೂಗು ನೋಡಿದರೆ ಟುಟ್ಸಿಯೇ ಇರಬೇಕು’ ಎಂದು ಮೆಚ್ಚುಗೆಯ ನಗೆ ನಕ್ಕರು. ಆಮೇಲೆ ನನಗೆ ಕನ್ನಡದಲ್ಲಿ, ‘ಅಲ್ಲಿ ಅವ್ರು ಒಂಥರಾ ನಮ್ಮವ್ರಿದ್ದ ಹಾಗೆ ಕಣಮ್ಮ’ ಎಂದರು. ನನಗೆ ನಾಚಿಕೆಯಿಂದ ಭೂಮಿಗಿಳಿದು ಹೋದಂತಾಯಿತು.

ಗೆಳತಿ ಲೋಟ ಕೆಳಗಿಟ್ಟಳು. ‘ಅಪ್ಪ ಹುಟು, ಅಮ್ಮ ಟುಟ್ಸಿ. ನಾನೂ ಅಣ್ಣನೂ ಓಡಿಹೋಗುವಾಗ ದಾರಿಯಲ್ಲಿ ಅಡ್ಡಗಟ್ಟಿದರು. ನನ್ನ ಮುಖ ನೋಡಿ ನನ್ನನ್ನು ಬಿಟ್ಟರು. ಅಣ್ಣನಿಗೆ ನನ್ನ ಈ ಮಗಳದೇ ಮೂಗು.’

ಅಷ್ಟೇ ಹೇಳಿದಳು. ಅಂಕಲ್‌ಗೆ ಇಂಗ್ಲಿಷ್ ಮರೆತುಹೋಯಿತು. ‘ನಾನು ಸುಮ್ನೆ ಕೇಳ್ದೆ ಅಷ್ಟೇ, ಬೇರೇನಿಲ್ಲ ಅಂತ ಹೇಳಮ್ಮ ಅವ್ರಿಗೆ. ಮನೆ ಅವ್ರಿಗೇ ಕೊಡ್ತೀನಿ’ ಎಂದು ನನ್ನನ್ನು ಅಂಗಲಾಚಿದರು. ಮೈ ಉರಿಯುತ್ತಿತ್ತು, ಆದರೂ ಆ ಸ್ಕೂಲಿನ ಆಸೆಗೆ ಅದನ್ನೇ ಇಂಗ್ಲಿಷಿನಲ್ಲಿ ಹೇಳಿದೆ.

ಅವಳು ಮಗಳ ಕೈ ಹಿಡಿದು ಎದ್ದಳು. ಮನೆ ಬೇಡ ಎಂದಳು.

‘ಅಲ್ಲಿ ನಮ್ಮ ಪಕ್ಕದ ಮನೆಯವರೂ ಮೊದಲು ಸುಮ್ಮನೆ ಕೇಳಿದ್ದೇ.’